ಕೋಟೆ, ಕತ್ತಿ, ಕಡತ: ಎಡೆದೊರೆಯನ್ನು ಆಳಿದವರು ಯಾರು?

ರಾಯಚೂರು ಸೀಮೆಯ ಯಾವುದಾದರೂ ಲಗ್ನಪತ್ರಿಕೆ ಕೈಗೆ ಸಿಕ್ಕರೆ ಕೆಳಗಡೆ ಅಚ್ಚಾದ ಆಗಮನಾಭಿಲಾಷಿಗಳ ಪಟ್ಟಿಯನ್ನೊಮ್ಮೆ ಓದಬೇಕು. ಮಾಲಿಪಾಟೀಲ, ಪೊಲೀಸ್‌ಪಾಟೀಲ, ನಾಡಗೌಡ, ದೇಸಾಯಿ, ದೇಶಪಾಂಡೆ, ಕುಲಕರ್ಣಿ, ದಳವಾಯಿ, ನಾಯಕ. ಒಂದಾನೊಂದು ಕಾಲಕ್ಕೆ ಇವೆಲ್ಲ ಹುದ್ದೆಗಳು. ಒಬ್ಬ ಕಂದಾಯ ಎತ್ತುತ್ತಿದ್ದ, ಒಬ್ಬ ಕಳ್ಳಕಾಕರ ಜವಾಬು ಹೊರುತ್ತಿದ್ದ, ಒಬ್ಬ ಲೆಕ್ಕ ಬರೆಯುತ್ತಿದ್ದ, ಇನ್ನೊಬ್ಬ ಕಾಲಾಳು ಕಟ್ಟಿಕೊಂಡು ದಂಡಿಗೆ ಹೋಗುತ್ತಿದ್ದ. ಹುದ್ದೆಗಳು ರದ್ದಾಗಿ ಅರವತ್ತು ವರ್ಷ ದಾಟಿತು. ಹೆಸರು ಮಾತ್ರ ಶಾಲೆಯ ಹಾಜರಿಯಲ್ಲಿ, ಬ್ಯಾಂಕಿನ ಪಾಸ್‌ಬುಕ್ಕಿನಲ್ಲಿ, ಮತದಾರರ ಪಟ್ಟಿಯಲ್ಲಿ ಹಾಗೇ ಉಳಿದಿದೆ.

ನಮ್ಮ ಇತಿಹಾಸದ ಪುಸ್ತಕಗಳು ಈ ಸೀಮೆಯನ್ನು ನೆನೆಯುವುದು ಯುದ್ಧಗಳ ನೆಪದಲ್ಲಿ. ಚೋಳರು, ಚಾಲುಕ್ಯರು, ಕಾಕತೀಯರು, ಬಹಮನಿಗಳು, ವಿಜಯನಗರದವರು, ಆದಿಲ್‌ಶಾಹಿಗಳು, ಮೊಘಲರು, ನಿಜಾಮರು ಎಂದು ಪಟ್ಟಿ ಮುಗಿಯುವುದಿಲ್ಲ. ಹೀಗೆ ಪ್ರಭುತ್ವ ಬದಲಾಗುತ್ತಲೇ ಇದ್ದ ನೆಲದಲ್ಲಿ ಬಿತ್ತನೆಯಾದದ್ದು, ಕಂದಾಯ ಹೋದದ್ದು, ಬದುವಿನ ಜಗಳ ತೀರಿದ್ದು ಹೇಗೆ? ಯಾರ ಹೊಲ ಎಲ್ಲಿಂದ ಎಲ್ಲಿಯವರೆಗೆ ಎಂದು ಹೊಸ ದೊರೆಗೆ ಹೇಳಿದವರು ಯಾರು? ಎಡೆದೊರೆ ಎಂದು ಹೆಸರಾದ ಈ ಸೀಮೆಯ ಮಧ್ಯಯುಗವನ್ನು ಈ ಪ್ರಶ್ನೆಯ ಕಡೆಯಿಂದ ನೋಡಿದರೆ, ಕೋಟೆ ಗೆದ್ದವನಿಗಿಂತ ಊರಿನ ಲೆಕ್ಕ ಬಲ್ಲವನೇ ಹೆಚ್ಚು ಕಾಲ ಆಳಿದ್ದು ಕಾಣುತ್ತದೆ.

ಎರಡು ಹೊಳೆಯ ನಡುವಿನ ನಾಡು

ಉತ್ತರಕ್ಕೆ ಕೃಷ್ಣೆ, ದಕ್ಷಿಣಕ್ಕೆ ತುಂಗಭದ್ರೆ. ಎಡೆ ಎಂದರೆ ನಡುವೆ, ತೊರೆ ಎಂದರೆ ಹೊಳೆ. ಪಾರಸಿಯಿಂದ ಬಂದ 'ದೋಆಬ್' ಎಂಬ ಮಾತು ನಮ್ಮ ಪಠ್ಯಪುಸ್ತಕ ಸೇರುವುದಕ್ಕೆ ಎಷ್ಟೋ ಶತಮಾನ ಮೊದಲೇ ಕನ್ನಡದವರು ಇದೇ ಅರ್ಥಕ್ಕೆ 'ಎಡೆದೊರೆ' ಎಂದಿದ್ದರು. ಕಲ್ಯಾಣದ ಚಾಲುಕ್ಯರ ಶಾಸನಗಳಲ್ಲಿ ಇದು 'ಎಡೆದೊರೆ ಎರಡು ಸಾಸಿರ'. ರಾಜೇಂದ್ರ ಚೋಳನ ಪ್ರಶಸ್ತಿಯಲ್ಲಿ ಇದೇ 'ಇಡೈತುರೈನಾಡು'. ಅವನಿಗೂ ಚಾಲುಕ್ಯ ಎರಡನೆಯ ಜಯಸಿಂಹನಿಗೂ ಸುಮಾರು 1021ರಲ್ಲಿ ಕಾಳಗ ನಡೆದ ಮುಸಂಗಿ ಇಂದಿನ ಮಸ್ಕಿ ಎಂಬುದು ಬಹುಮಂದಿ ವಿದ್ವಾಂಸರ ಮತ. 1915ರಲ್ಲಿ ಅಶೋಕನ ಹೆಸರು ಹೊತ್ತ ಶಾಸನ ಬೆಳಕಿಗೆ ಬಂದದ್ದೂ ಅದೇ ಮಸ್ಕಿಯಲ್ಲಿ. ಈ ನೆಲದ ಮೇಲೆ ದೊಡ್ಡವರ ಕಣ್ಣು ಬಿದ್ದದ್ದು ನಿನ್ನೆ ಮೊನ್ನೆಯಲ್ಲ. ಎರೆಭೂಮಿ, ಹಟ್ಟಿ ಕಡೆಯ ಚಿನ್ನ, ಹೊಳೆ ದಾಟುವ ಹಾಯ್ಗಡಗಳು, ಇಷ್ಟು ಸಾಕಾಗಿತ್ತು.

ನಾಡಿನ ಹೆಸರಿನ ಬೆನ್ನಿಗೆ ಸಂಖ್ಯೆ ಕಟ್ಟುವುದು ಆಗಿನ ರೂಢಿ. ಬೆಳ್ವೊಲ ಮುನ್ನೂರು, ಕಿಸುಕಾಡು ಎಪ್ಪತ್ತು, ಸಿಂದವಾಡಿ ಸಾಸಿರ. ಆ ಸಂಖ್ಯೆ ಊರುಗಳದ್ದೋ, ಹುಟ್ಟುವಳಿಯದ್ದೋ, ಒದಗಿಸಬೇಕಾದ ಕಾಲಾಳುಗಳದ್ದೋ ಎಂಬ ವಾದ ಇನ್ನೂ ಮುಗಿದಿಲ್ಲ. ಮಜವೆಂದರೆ ಭೂಮಿಯ ಇನ್ನೊಂದು ತುದಿಯ ವೇಲ್ಸ್‌ನಲ್ಲೂ ಅದೇ ಕಾಲಕ್ಕೆ ಇಂಥದೇ ಎಣಿಕೆ ಇತ್ತು. ಅಲ್ಲಿನ 'ಕಾಂತ್ರೆವ್' ಎಂಬ ವಿಭಾಗದ ಅರ್ಥ 'ನೂರು ಊರು'. ಅಲ್ಲಿಯೂ ಯಾರೂ ನೂರನ್ನು ಎಣಿಸಿ ನೋಡಿದವರಲ್ಲ. ಹಳೆಯ ಆಡಳಿತಕ್ಕೆ ನಕ್ಷೆ ಇರಲಿಲ್ಲ. ಗಡಿಗೆರೆಯ ಬದಲು ಒಂದು ಸಂಖ್ಯೆ, ಆ ಸಂಖ್ಯೆಗೆ ಉತ್ತರ ಹೇಳುವ ಒಂದು ಮನೆತನ, ಇಷ್ಟರಲ್ಲೇ ನಾಡು ನಿಂತಿತ್ತು.

ಗಾವುಂಡನ ಕಾಲ

ಕಲ್ಯಾಣದ ಚಾಲುಕ್ಯರ ಏರ್ಪಾಡಿನಲ್ಲಿ ಮೇಲೆ ಮಹಾಮಂಡಳೇಶ್ವರರು, ದಂಡನಾಯಕರು, ಪೆರ್ಗಡೆಗಳು. ಕೆಳಗೆ ನಾಳ್ಗಾವುಂಡ, ಊರ ಗಾವುಂಡ, ಅಗ್ರಹಾರವಾದರೆ ಮಹಾಜನರು. ಪೇಟೆಯಾದರೆ ಸೆಟ್ಟಿಗಳ ಕೂಟ, ಅದರ ಮೇಲೆ ಅಯ್ಯಾವೊಳೆ ಐನೂರ್ವರಂಥ ದೊಡ್ಡ ವರ್ತಕ ಸಂಘ. ರಾಜಮನೆತನದ ಹೆಂಗಸರೂ ನಾಡನ್ನು ಆಳಿದ್ದುಂಟು. ಕಿಸುಕಾಡನ್ನು ಆಳಿದ ಅಕ್ಕಾದೇವಿ ಅದಕ್ಕೆ ಹೆಸರಾದ ಉದಾಹರಣೆ.

ದೇವದುರ್ಗ ತಾಲ್ಲೂಕಿನ ಗಬ್ಬೂರಿಗೆ ಹೋದರೆ ಹಳೆಯ ಗುಡಿಗಳು, ಮಠ, ಶಾಸನದ ಕಲ್ಲುಗಳು ಮನೆಗಳ ನಡುವೆಯೇ ಎದುರಾಗುತ್ತವೆ. ಕಲ್ಯಾಣ ಚಾಲುಕ್ಯರ ಕಾಲದ ದಾನಶಾಸನವೊಂದರ ಕಟ್ಟು ಎಲ್ಲೆಡೆ ಹೆಚ್ಚುಕಡಿಮೆ ಒಂದೇ. ಮೊದಲು ದೊರೆಯ ಬಿರುದಾವಳಿ, ಆಮೇಲೆ ಸಾಮಂತನದು, ಆಮೇಲೆ ತಿಥಿವಾರ. ದಾನ ಪಡೆದವನ ಕಾಲು ತೊಳೆದು, ನೀರೆರೆದು, ಇಷ್ಟು ಮತ್ತರು ಕೆಯ್ಯನ್ನು ಬಿಟ್ಟರೆಂಬ ಮಾತು. ಅದರ ಬೆನ್ನಿಗೇ ಬರುವ ಸಾಲುಗಳು ಬಿರುದಿನ ಗದ್ದಲದಲ್ಲಿ ಮರೆಯಾಗುತ್ತವೆ, ಆದರೆ ಆಳ್ವಿಕೆಯ ಜೀವ ಇರುವುದು ಅಲ್ಲಿಯೇ. ಮೂಡಲಿಗೆ ಹಳ್ಳ, ತೆಂಕಲಿಗೆ ನಟ್ಟ ಕಲ್ಲು, ಪಡುವಲಿಗೆ ಇಂಥವನ ಹೊಲ, ಬಡಗಲಿಗೆ ದಾರಿ. ಈ ಎಲ್ಲೆಯನ್ನು ಕಲ್ಯಾಣದಲ್ಲಿ ಕೂತ ಚಕ್ರವರ್ತಿ ಕಂಡಿರಲಾರ. ಹೇಳಿದವನು ಊರ ಗಾವುಂಡ. ಅಳೆದವನು ಆ ಊರಿನ ಗಳೆ ಹಿಡಿದವನು. ಪೆರ್ಜುಂಕ, ವಡ್ಡರಾವುಳ, ಬಿಲ್ಕೊಡೆ, ಸಿದ್ಧಾಯ ಎಂಬ ತೆರಿಗೆಗಳಲ್ಲಿ ಯಾವುದನ್ನು ಬಿಟ್ಟುಕೊಟ್ಟರೆ ಗುಡಿಯ ನಂದಾದೀಪಕ್ಕೆ ಎಣ್ಣೆ ಸಾಕಾಗುತ್ತದೆ ಎಂಬ ಲೆಕ್ಕವೂ ಅವನದೇ.

ಕೊನೆಗೆ ಶಾಪ. ಕೊಟ್ಟ ಭೂಮಿಯನ್ನು ಕಸಿದವನು ಅರವತ್ತು ಸಾವಿರ ವರ್ಷ ಅಮೇಧ್ಯದಲ್ಲಿ ಹುಳುವಾಗಿ ಹುಟ್ಟುತ್ತಾನೆಂಬ ಎಚ್ಚರಿಕೆ ಸಾವಿರಾರು ಕಲ್ಲುಗಳಲ್ಲಿದೆ. ಇಷ್ಟು ಸಲ ಬೆದರಿಸಬೇಕಾಯಿತೆಂದರೆ ಕಸಿಯುವವರು ಎಷ್ಟಿದ್ದರು ಎಂಬುದನ್ನು ಊಹಿಸಬಹುದು. ಈ ವ್ಯವಸ್ಥೆಯ ಒಳಗಿನಿಂದಲೇ 12ನೆಯ ಶತಮಾನದಲ್ಲಿ ಅದಕ್ಕೆ ಎದುರುಮಾತೂ ಹುಟ್ಟಿತು. ಕಲ್ಯಾಣದಲ್ಲಿ ಅಕ್ಕಿ ಆಯ್ದು ಬದುಕಿದ ಆಯ್ದಕ್ಕಿ ಮಾರಯ್ಯ, ಲಕ್ಕಮ್ಮ ದಂಪತಿ ಇದೇ ಎಡೆದೊರೆಯ ಅಮರೇಶ್ವರದಿಂದ ಬಂದವರು. ಬೇಕಾದ್ದಕ್ಕಿಂತ ಹೆಚ್ಚು ಅಕ್ಕಿ ತಂದ ಗಂಡನನ್ನು ಲಕ್ಕಮ್ಮ ತರಾಟೆಗೆ ತೆಗೆದುಕೊಂಡ ಕಥೆ ನಮ್ಮಲ್ಲಿ ಎಲ್ಲರಿಗೂ ಗೊತ್ತು. ಕೂಡಿಡುವುದನ್ನೇ ಅಧಿಕಾರವೆಂದುಕೊಂಡಿದ್ದ ನಾಡಿನಿಂದ ಬಂದ ಹೆಂಗಸಿನ ಮಾತು ಅದು ಎಂಬುದನ್ನು ನೆನಪಿಟ್ಟರೆ ಕಥೆಯ ತೂಕ ಬೇರೆಯಾಗುತ್ತದೆ.

ಕೋಟೆ: ರಾಯಚೂರು

ರಾಯಚೂರು ಬಸ್ ನಿಲ್ದಾಣದ ಹತ್ತಿರವೇ ಕೋಟೆ. ಪಶ್ಚಿಮದ ಒಳಗೋಡೆಯಲ್ಲಿ ಒಂದು ಹಾಸುಗಲ್ಲಿದೆ, ಉದ್ದ 41 ಅಡಿ 8 ಅಂಗುಲ. ಅದರ ಮೇಲಿನ ತೆಲುಗು ಶಾಸನ 1294ರದು. ಕಾಕತೀಯರ ಸಾಮಂತ ಗೋನ ಗನ್ನಾರೆಡ್ಡಿಯ ಕಡೆಯ ವಿಠ್ಠಲನಾಥನು ಆದವಾನಿ, ತುಂಬುಳ, ಮಾನುವ, ಹಾಲುವ ಕೋಟೆಗಳನ್ನು ಹಿಡಿದು, ರಾಯಚೂರಿಗೆ ಬಂದು, ಜನರ ರಕ್ಷಣೆಗಾಗಿ ಈ ಕೋಟೆ ಕಟ್ಟಿಸಿದ ಎಂಬುದು ಒಕ್ಕಣೆ. 'ಮಾನುವ' ಇಂದಿನ ಮಾನ್ವಿ. ಗೋನ ಮನೆತನ ಬರೀ ಕತ್ತಿಯ ಮನೆತನವಾಗಿರಲಿಲ್ಲ. ತೆಲುಗಿನ ರಂಗನಾಥ ರಾಮಾಯಣದ ಕರ್ತೃ ಗೋನ ಬುದ್ಧಾರೆಡ್ಡಿಯೂ ಅದೇ ಮನೆಯವನು.

ಶಾಸನದ ಜೊತೆಗೆ ಅದೇ ಕಲ್ಲಿನ ಮೇಲೆ ಒಂದು ಚಿತ್ರವನ್ನೂ ಕೊರೆದಿದ್ದಾರೆ. ಆ ಹಾಸುಗಲ್ಲನ್ನೇ ಬಂಡಿಯ ಮೇಲೆ ಹೇರಿ ತರುತ್ತಿರುವ ಚಿತ್ರ. ಬಂಡಿಗೆ ಹೂಡಿದ ಜಾನುವಾರುಗಳ ಉದ್ದ ಸಾಲು, ಅವನ್ನು ಹುರಿದುಂಬಿಸುತ್ತ ಹೊಡೆಯುವವರು, ಗಾಲಿಗೆ ಸನ್ನೆಗೋಲು ಕೊಟ್ಟು ನೂಕುವವರು. ಈ ಚಿತ್ರಕ್ಕೆ ಕೊನೆಯಲ್ಲಿ ಮತ್ತೆ ಬರೋಣ.

ಅದೇ ದಶಕದಲ್ಲಿ ವೇಲ್ಸ್‌ನಲ್ಲೂ ಕೋಟೆಗಳು ಏಳುತ್ತಿದ್ದವು. ಇಂಗ್ಲೆಂಡಿನ ದೊರೆ ಒಂದನೆಯ ಎಡ್ವರ್ಡ್ 1282-83ರಲ್ಲಿ ವೇಲ್ಸ್ ಗೆದ್ದು, 1284ರಲ್ಲಿ ರಡ್ಲನ್ ಶಾಸನ ಹೊರಡಿಸಿ, ಕಾರ್ನಾರ್ವನ್, ಕಾನ್ವಿ, ಹಾರ್ಲೆಕ್ ಕಡೆಗಳಲ್ಲಿ ಕಲ್ಲಿನ ಕೋಟೆ ಕಟ್ಟಿಸಿದ. ಬ್ಯೂಮಾರಿಸ್ ಕೋಟೆಯ ಕೆಲಸ ಶುರುವಾದದ್ದು 1295ರಲ್ಲಿ, ರಾಯಚೂರಿನ ಶಾಸನದ ಮರುವರ್ಷ. ಗೆದ್ದವನಿಗೆ ಎರಡೂ ಕಡೆ ಒಂದೇ ತೊಡಕು. ಕೋಟೆಯೊಳಗೆ ದಂಡು ಇಡಬಹುದು, ಆದರೆ ಸುತ್ತಲಿನ ಊರುಗಳ ಸುಗ್ಗಿಯಲ್ಲಿ ಪಾಲು ಬರಬೇಕಾದರೆ ಅಲ್ಲಿನವರನ್ನೇ ಹಿಡಿಯಬೇಕು. ವೇಲ್ಸ್‌ನ 'ಉಖೆಲ್‌ವಿರ್' ಎಂಬ ಭೂಮಾಲೀಕ ಕುಲೀನರು ಎಡ್ವರ್ಡನ ಕೆಳಗೆ ಅಧಿಕಾರಿಗಳಾಗಿ ಉಳಿದುಕೊಂಡರು. ಎಡೆದೊರೆಯ ಗೌಡರೂ ಹಾಗೆಯೇ.

ವಿಜಯನಗರ ಹುಟ್ಟಿದ್ದು 1336ರಲ್ಲಿ, ಬಹಮನಿ ರಾಜ್ಯ 1347ರಲ್ಲಿ. ಅಲ್ಲಿಂದ ಎರಡು ಶತಮಾನಕ್ಕೂ ಹೆಚ್ಚು ಕಾಲ ರಾಯಚೂರು, ಮುದ್ಗಲ್ಲುಗಳು ಕೈಯಿಂದ ಕೈಗೆ ಹೋದವು. ರಾಯಚೂರಿನ ಏಕ್ ಮಿನಾರ್ ಮಸೀದಿಯ ಪಾರಸಿ ಶಾಸನ ಬಹಮನಿ ಸುಲ್ತಾನ ಮಹಮೂದ್ ಶಾಹನ ಹೆಸರು ಹೇಳುತ್ತದೆ. ಆ ಮಸೀದಿ ಕಟ್ಟಿ ಹತ್ತು ವರ್ಷದೊಳಗೆ, 1520ರಲ್ಲಿ, ಕೃಷ್ಣದೇವರಾಯ ಇಸ್ಮಾಯಿಲ್ ಆದಿಲ್ ಶಾಹನನ್ನು ಸೋಲಿಸಿ ಕೋಟೆ ಹಿಡಿದ. ಆ ಯುದ್ಧದ ವಿವರ ನಮಗೆ ಸಿಗುವುದು ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್‌ನ ಬರಹದಲ್ಲಿ. ಕುದುರೆ ಕೊಳ್ಳಲು ರಾಯ ಗೋವೆಗೆ ಕಳಿಸಿದ ವರ್ತಕ 40,000 ವರಹದೊಂದಿಗೆ ಆದಿಲ್ ಶಾಹನ ಕಡೆ ಓಡಿಹೋದದ್ದೇ ಜಗಳಕ್ಕೆ ನೆಪವೆಂದು ಅವನ ಮಾತು. ಮುತ್ತಿಗೆಯಲ್ಲಿ ರಾಯನ ಕಡೆ ನಿಂತ ಪೋರ್ಚುಗೀಸ ಕ್ರಿಸ್ಟೊವಾವ್ ಡಿ ಫಿಗೆರೆಡೊನ ಕೋವಿಗಾರರು ಗೋಡೆಯ ಮೇಲೆ ತಲೆ ಎತ್ತಿದವರನ್ನು ಉರುಳಿಸಿದ್ದನ್ನೂ ಅವನೇ ಬರೆದಿದ್ದಾನೆ. ಕೋಟೆ ಶರಣಾದ ಮೇಲೆ ರಾಯನು ಪಟ್ಟಣಿಗರಿಗೆ ಅವರವರ ಆಸ್ತಿ ಅವರಿಗೇ ಇರಲೆಂದು ಅಭಯ ಕೊಟ್ಟದ್ದು ಅದೇ ಬರಹದಲ್ಲಿದೆ. ಅದರಲ್ಲಿ ಕರುಣೆಯಷ್ಟೇ ಲೆಕ್ಕಾಚಾರವೂ ಇತ್ತು. ಬರಿದಾದ ಪೇಟೆಯಿಂದ ಸುಂಕ ಹುಟ್ಟುವುದಿಲ್ಲ.

ವಿಜಯನಗರದ ಅಮರನಾಯಕರ ಬಗ್ಗೆಯೂ ನೂನಿಜ್ ಲೆಕ್ಕ ಕೊಡುತ್ತಾನೆ. ಇನ್ನೂರಕ್ಕೂ ಹೆಚ್ಚು ನಾಯಕರು, ಅವರ ಭೂಮಿಯ ಹುಟ್ಟುವಳಿಯಲ್ಲಿ ಅರ್ಧ ರಾಯನಿಗೆ, ಉಳಿದರ್ಧದಲ್ಲಿ ಕುದುರೆ, ಆನೆ, ಕಾಲಾಳುಗಳ ಖರ್ಚು. ರೈತ ಹತ್ತರಲ್ಲಿ ಒಂಬತ್ತು ಪಾಲು ಒಡೆಯನಿಗೆ ಕೊಡುತ್ತಿದ್ದನೆಂಬ ಅವನ ಮಾತನ್ನು ಇತಿಹಾಸಕಾರರು ಅಕ್ಷರಶಃ ನಂಬುವುದಿಲ್ಲ. ಹತ್ತರಲ್ಲಿ ಒಂದು ಪಾಲಿನಲ್ಲಿ ಬೀಜ, ಎತ್ತು, ಹೊಟ್ಟೆ ಮೂರೂ ನಡೆಯುವುದಿಲ್ಲ ಎಂದು ಎರೆಹೊಲ ಉತ್ತ ಯಾರನ್ನು ಕೇಳಿದರೂ ಹೇಳುತ್ತಾರೆ. ಆದರೂ ಆ ಮಾತು ಒಂದು ಸತ್ಯವನ್ನು ಮುಟ್ಟುತ್ತದೆ. ನಾಯಕನನ್ನು ರಾಯ ಕೊಟ್ಟ ಸೀಮೆಯಿಂದ ಎತ್ತಿ ಬೇರೆ ಕಡೆ ಹಾಕಬಹುದಿತ್ತು. ಗೌಡನನ್ನು ಎತ್ತಲು ಆಗುತ್ತಿರಲಿಲ್ಲ. ಬಂದ ನಾಯಕನಿಗೆ ಊರು ಹೊಸದು, ಗೌಡನಿಗೆ ನಾಯಕನೇ ಹೊಸಬ.

ಕತ್ತಿ: ದೇವದುರ್ಗ

ಕೃಷ್ಣೆಯ ಮಗ್ಗುಲಿನ ದೇವದುರ್ಗದ ಕಡೆ ಕತೆ ಬೇರೆ. ಇದು ಬೇಡ ಪಾಳೆಯಗಾರರ ನೆಲೆ. ಇಲ್ಲಿನ ನಾಯಕ ಹೈದರಾಬಾದಿನ ಮೊದಲ ನಿಜಾಮ ಆಸಫ್ ಜಾಹನೊಡನೆ ಸರಿಸಮನಾಗಿ ಮೈತ್ರಿ ಮಾಡಿಕೊಳ್ಳುವಷ್ಟು ಬಲಶಾಲಿಯಾಗಿದ್ದನೆಂದು ಗ್ಯಾಸೆಟಿಯರ್ ಬರೆದಿಟ್ಟಿದೆ. ಹೊಳೆಯಾಚೆಗೆ ಸುರಪುರದ ಗೋಸಲ ವಂಶದ ನಾಯಕರು, ಈಚೆಗೆ ಗುರುಗುಂಟದ ಸಂಸ್ಥಾನ, ಕೆಳಗೆ ಎರಡು ಹೊಳೆಗಳ ನಡುವೆ ಗದ್ವಾಲ.

1565ರ ತಾಳಿಕೋಟೆ ಯುದ್ಧದಲ್ಲಿ ವಿಜಯನಗರ ಬಿದ್ದು, 1686ರಲ್ಲಿ ಆದಿಲ್‌ಶಾಹಿಗಳ ವಿಜಾಪುರವೂ ಔರಂಗಜೇಬನ ಪಾಲಾದ ಮೇಲೆ ಈ ಕತ್ತಿಯ ಮನೆತನಗಳಿಗೆ ಬೆಲೆ ಬಂತು. ದೊಡ್ಡ ಮರ ಉರುಳಿದಾಗ ಅದರ ನೆರಳಿನಲ್ಲಿದ್ದ ಗಿಡಗಳಿಗೆ ಬಿಸಿಲು ಸಿಕ್ಕಂತೆ. 1705ರಲ್ಲಿ ಎಂಬತ್ತು ದಾಟಿದ ಔರಂಗಜೇಬ ಸುರಪುರದ ಹತ್ತಿರದ ವಾಗಿನಗೇರಿಯನ್ನು ಮುತ್ತಿದ. ಅವನು ತಾನೇ ನಿಂತು ನಡೆಸಿದ ಕೊನೆಯ ಮುತ್ತಿಗೆ ಅದು. ತಿಂಗಳುಗಟ್ಟಲೆ ಹೊಡೆದಾಡಿ ಕೋಟೆ ಸಿಕ್ಕಿತು, ಪಿಡ್ಡನಾಯಕ ಸಿಗಲಿಲ್ಲ. ಹಿಂದೂಸ್ತಾನದ ಬಾದಶಹನಿಗೆ ದಕ್ಕದ ಈ ನಾಯಕನ ಬಲವಿದ್ದದ್ದು ಗೋಡೆಯಲ್ಲಿ ಅಲ್ಲ, ಊರೂರಲ್ಲಿ ಹಂಚಿ ಕೂತಿದ್ದ ಬೇಡ ಪಡೆಯಲ್ಲಿ. ಸುಗ್ಗಿಯ ಹೊತ್ತಿಗೆ ಹೊಲದಲ್ಲಿರುವವನು ಕಹಳೆ ಕೇಳಿದರೆ ಕೋವಿ ಹಿಡಿಯುತ್ತಿದ್ದ. ಅವನಿಗೆ ಸಂಬಳವೆಂದರೆ ಹಗುರ ತೆರಿಗೆಯ ಭೂಮಿ.

ಈ ಏರ್ಪಾಡಿನ ಕೊನೆ 1858ರಲ್ಲಿ ಬಂತು. ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರ್ ಬಾಲ್ಯದಿಂದ ಸಾಕಿದಂತೆ ನೋಡಿಕೊಂಡಿದ್ದ ರಾಜಾ ವೆಂಕಟಪ್ಪನಾಯಕ ಬ್ರಿಟಿಷರ ವಿರುದ್ಧ ಎದ್ದು, ಸೆರೆಯಾಗಿ, ಅದೇ ವರ್ಷ ಗುಂಡಿಗೆ ಬಲಿಯಾದ. ಸುರಪುರ ಬ್ರಿಟಿಷರ ಕೈಸೇರಿ, 1860ರಲ್ಲಿ ನಿಜಾಮನ ಪಾಲಾಯಿತು. 1853ರಿಂದ ಬ್ರಿಟಿಷರ ವಶದಲ್ಲಿದ್ದ ರಾಯಚೂರು ಸೀಮೆಯೂ ಅದೇ ವರ್ಷ ಹೈದರಾಬಾದಿಗೆ ಮರಳಿತು.

'ನಾಯಕ' ಎಂಬ ಹೆಸರಿನ ಮುಂದಿನ ದಾರಿ ವಿಚಿತ್ರವಾದದ್ದು. ಕರ್ನಾಟಕದ ನಾಯಕ ಸಮುದಾಯ 1991ರಲ್ಲಿ ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿತು. ಇಂದು ದೇವದುರ್ಗ, ಮಾನ್ವಿ, ರಾಯಚೂರು ಗ್ರಾಮೀಣ ಮೂರೂ ವಿಧಾನಸಭಾ ಕ್ಷೇತ್ರಗಳು ಪರಿಶಿಷ್ಟ ಪಂಗಡಕ್ಕೆ ಮೀಸಲು. ಪಾಳೆಯಗಾರರ ಕುಲಕ್ಕೆ ಮೀಸಲಾತಿ ಯಾಕೆ ಎಂದು ಕೇಳುವವರು ಒಂದು ಸಂಗತಿ ಮರೆಯುತ್ತಾರೆ. ಅರಮನೆಯಲ್ಲಿದ್ದದ್ದು ಒಂದು ಮನೆ. ಕಹಳೆಗೆ ಓಡಿಬಂದ ಸಾವಿರಾರು ಮನೆಗಳಿಗೆ ಅರಮನೆ ಹೋದ ದಿನವೇ ಭೂಮಿಯ ಆಸರೆಯೂ ಸಡಿಲವಾಯಿತು.

ಕಡತ: ಮಾನ್ವಿ

ಮೂರನೆಯ ಬಗೆಯ ಅಧಿಕಾರ ಸದ್ದಿಲ್ಲದ್ದು. ಶಾನುಭೋಗರ ಮನೆಯ 'ಕಡತ'ವನ್ನು ಈಗಿನ ಹುಡುಗರು ಕಂಡಿರಲಾರರು. ಬಟ್ಟೆಗೆ ಹುಣಸೆಬೀಜದ ಗಂಜಿ, ಇದ್ದಿಲ ಪುಡಿ ಬಳಿದು, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಚಿದ ಕರಿ ಪುಸ್ತಕ ಅದು. ಬಳಪದಲ್ಲಿ ಬರೆಯುವುದು. ಬೇಡವಾದರೆ ಒರೆಸಿ ಮತ್ತೆ ಬರೆಯಬಹುದು. ಊರಿನ ಯಾರ ಹೊಲ ಎಷ್ಟು, ಯಾರದು ಬಾಕಿ, ಯಾವುದು ಇನಾಂ, ಯಾವುದು ಬೀಳು, ಎಲ್ಲ ಅದರಲ್ಲಿ. ಒರೆಸಿ ಬರೆಯಬಹುದಾದ ಪುಸ್ತಕ ಒಂದೇ ಮನೆಯಲ್ಲಿ ತಲೆಮಾರುಗಟ್ಟಲೆ ಇದ್ದರೆ ಊರು ಯಾರ ಕೈಯಲ್ಲಿತ್ತೆಂದು ಬಿಡಿಸಿ ಹೇಳಬೇಕಿಲ್ಲ.

ಮೊದಲನೆಯ ಇಬ್ರಾಹಿಂ ಆದಿಲ್ ಶಾಹ ಪಾರಸಿಯಲ್ಲಿದ್ದ ಕಂದಾಯದ ಲೆಕ್ಕವನ್ನು ದೇಶಭಾಷೆಗೆ ತಿರುಗಿಸಿ ಬ್ರಾಹ್ಮಣ ಲೆಕ್ಕಿಗರ ಕೈಗೆ ಕೊಟ್ಟನೆಂದು ಪಾರಸಿ ಇತಿಹಾಸಕಾರ ಫಿರಿಶ್ತಾ ಬರೆಯುತ್ತಾನೆ. 16ನೆಯ ಶತಮಾನದ ಈ ಒಂದು ತೀರ್ಮಾನ ಕುಲಕರ್ಣಿ, ದೇಶಪಾಂಡೆ ಮನೆತನಗಳ ಬೇರನ್ನು ಆಳಕ್ಕೆ ಇಳಿಸಿತು. ಹಳೆಯ ನಾಳ್ಗಾವುಂಡ ಪರಗಣೆಯ ಮಟ್ಟದಲ್ಲಿ ನಾಡಗೌಡನಾದ, ದೇಸಾಯಿಯಾದ. ಊರ ಗಾವುಂಡ ಪಾಟೀಲನಾದ. ಹುದ್ದೆಗೆ 'ವತನ' ಎಂಬ ಹೆಸರು ಬಂತು. ವತನವನ್ನು ಮಾರಬಹುದು, ಅಡವಿಡಬಹುದು, ಮಕ್ಕಳಲ್ಲಿ ಹಂಚಬಹುದು. ಸರಕಾರಿ ಕೆಲಸವೊಂದು ಮನೆಯ ಆಸ್ತಿಯಾದ ಬಗೆ ಇದು.

ಮಾನ್ವಿ ಸುತ್ತಿನ ಸೀಮೆಗೆ ಹೆಸರು ತಂದ ಹರಿದಾಸರ ಬದುಕಿನಲ್ಲೂ ಈ ಕಡತದ ನೆರಳಿದೆ. ತುಂಗಭದ್ರೆಯ ದಡದ ಚೀಕಲಪರ್ವಿಯಲ್ಲಿ 1682ರಲ್ಲಿ ಹುಟ್ಟಿದ ವಿಜಯದಾಸರಿಗೆ ವಿಜಾಪುರ ಬಿದ್ದಾಗ ನಾಲ್ಕು ವರ್ಷ. ಬಡತನದಲ್ಲಿ ಊರು ಬಿಟ್ಟು ತಿರುಗಿದರು. ದೇವದುರ್ಗ ತಾಲ್ಲೂಕಿನ ಮೊಸರಕಲ್ಲಿನಲ್ಲಿ 1721ರಲ್ಲಿ ಹುಟ್ಟಿದ ಗೋಪಾಲದಾಸರ ಬಗ್ಗೆ ಸಂಪ್ರದಾಯ ಹೇಳುವ ಕಥೆ, ತಂದೆ ತೀರಿದ ಮೇಲೆ ದಾಯಾದಿಗಳು ಆಸ್ತಿ ಕಸಿದುಕೊಂಡು ತಾಯಿ ಮಕ್ಕಳನ್ನು ಊರು ಬಿಡಿಸಿದರೆಂಬುದು. ಬ್ಯಾಗವಟ್ಟಿಯ ಜಗನ್ನಾಥದಾಸರ (1728-1809) ತಂದೆ ಕರಣಿಕರಾಗಿದ್ದು ಆ ಕೆಲಸ ಬಿಟ್ಟು ದಾಸರಾದರೆಂದು ಹೇಳುತ್ತಾರೆ. ಮಗ ಹರಿಕಥಾಮೃತಸಾರ ಬರೆದು ಮಾನ್ವಿಯಲ್ಲಿ ನೆಲೆನಿಂತರು. ಒಬ್ಬರದು ಬಡತನ, ಒಬ್ಬರದು ದಾಯಾದಿ ವ್ಯಾಜ್ಯ, ಇನ್ನೊಬ್ಬರ ಮನೆಯಲ್ಲಿ ಕಡತದ ತ್ಯಾಗ. ಹೊಲಮನೆ ಅನಿತ್ಯವೆಂಬ ವೈರಾಗ್ಯದ ಮಾತು ಇವರ ಬಾಯಲ್ಲಿ ಬಂದಾಗ ಅದು ಗ್ರಂಥದಿಂದಷ್ಟೇ ಬಂದದ್ದಲ್ಲ. ಮೊಘಲರು, ಮರಾಠರು, ನಿಜಾಮರು ಒಬ್ಬರ ಹಿಂದೊಬ್ಬರು ಕಂದಾಯ ಕೇಳುತ್ತಿದ್ದ ಕಾಲದ ಅನುಭವವೂ ಅದರಲ್ಲಿದೆ.

ಪಾಲು ಮತ್ತು ವಂಶಾವಳಿ

ಭೂಮಿ ಹಿಡಿದ ಮನೆತನಕ್ಕೆ ಹೊರಗಿನ ಶತ್ರುವಿಗಿಂತ ಒಳಗಿನ ಪಾಲಿನ ಭಯ ದೊಡ್ಡದು. ಆರನೆಯ ವಿಕ್ರಮಾದಿತ್ಯನ (1076-1126) ಕಾಲಕ್ಕೆ ಕಲ್ಯಾಣದಲ್ಲಿ ವಿಜ್ಞಾನೇಶ್ವರ ಬರೆದ ಮಿತಾಕ್ಷರ, ಮಗನಿಗೆ ಪಿತ್ರಾರ್ಜಿತದಲ್ಲಿ ಹುಟ್ಟಿನಿಂದಲೇ ಹಕ್ಕುಂಟೆಂದು ಸಾರಿತು. ಎಡೆದೊರೆಗೆ ಆಗ ರಾಜಧಾನಿ ಕಲ್ಯಾಣವೇ. ಮುಂದೆ ಭಾರತದ ಬಹುಭಾಗಕ್ಕೆ ಹಬ್ಬಿದ ಈ ನ್ಯಾಯದ ಫಲವನ್ನು ಇಲ್ಲಿನ ವಾಡೆಗಳ ಗೋಡೆಯಲ್ಲೇ ಓದಬಹುದು. ಒಂದು ವಾಡೆ, ಒಂದು ಅಗಸಿಬಾಗಿಲು, ಒಳಗೆ ನಾಲ್ಕು ಒಲೆ. ಹೊಲ ಮಾತ್ರವಲ್ಲ, ಹುದ್ದೆಗೂ 'ತಕ್ಷೀಮು' ಇತ್ತು. ಈ ವರ್ಷ ಅಣ್ಣನ ಪಾಲಿನ ಪಾಟೀಲಿಕೆ, ಮುಂದಿನ ವರ್ಷ ತಮ್ಮನದು.

ವೇಲ್ಸ್‌ನಲ್ಲೂ ಗಂಡುಮಕ್ಕಳಿಗೆಲ್ಲ ಸಮಪಾಲು. ಎಡ್ವರ್ಡ್ ಗೆದ್ದ ಮೇಲೂ 1284ರ ಶಾಸನ ಆ ಪದ್ಧತಿಯನ್ನು ಉಳಿಸಿಕೊಂಡಿತು. 1536-43ರ ಕಾಯ್ದೆಗಳು ಅದನ್ನು ತೆಗೆದು ಹಿರಿಯ ಮಗನಿಗೇ ಭೂಮಿ ಎಂದ ಮೇಲೆ ಅಲ್ಲಿ ದೊಡ್ಡ ದೊಡ್ಡ ಹಿಡುವಳಿಗಳು ಬೆಳೆದವು, ಕಿರಿಯರು ಊರು ಬಿಟ್ಟರು. ನಮ್ಮಲ್ಲಿ ಕಿರಿಯರು ಊರಲ್ಲೇ ಉಳಿದರು, ಹೊಲ ಚಿಕ್ಕದಾಯಿತು, ಕೋರ್ಟಿನ ಕಟಕಟೆ ಸವೆಯಿತು.

ಪಾಲು ಕೇಳಬೇಕಾದರೆ ವಂಶ ಗೊತ್ತಿರಬೇಕು. ವೇಲ್ಸ್‌ನಲ್ಲಿ ಕುಲೀನರ ವಂಶಾವಳಿ ಹೇಳುವುದು ಕವಿಗಳ ಕೆಲಸವಾಗಿತ್ತು. ನಮ್ಮಲ್ಲಿ ಆ ಕೆಲಸ ಹೆಳವರದು. ಸುಗ್ಗಿ ಮುಗಿದು ಕಣದಲ್ಲಿ ಜೋಳದ ರಾಶಿ ಬಿದ್ದಾಗ ಎತ್ತಿನ ಮೇಲೆ ಬರುತ್ತಾನೆ ಹೆಳವ. ಮನೆಯ ಮುಂದೆ ನಿಂತು ಮೂಲಪುರುಷನಿಂದ ಹಿಡಿದು ನಿನ್ನೆ ತೊಟ್ಟಿಲಿಗೆ ಹಾಕಿದ ಕೂಸಿನವರೆಗೆ ಹೆಸರು ಎಣಿಸುತ್ತಾನೆ. ಎಲ್ಲಿಂದ ಬಂದವರು, ಯಾವ ಬರಗಾಲಕ್ಕೆ ಊರು ಬಿಟ್ಟರು, ಯಾರಿಗೆ ಮಕ್ಕಳಿಲ್ಲದೆ ದತ್ತು ಬಂದರು, ಎಲ್ಲ ಅವನ ನಾಲಿಗೆಯ ಮೇಲೆ. ಹೊಸ ಹೆಸರು ಸೇರಿಸಿಕೊಂಡು, ಕಾಳು ಕಟ್ಟಿಸಿಕೊಂಡು ಮುಂದಿನ ಮನೆಗೆ ಹೋಗುತ್ತಾನೆ. ಕಡತ ಒರೆಸಬಹುದು, ಹೆಳವನ ಬಾಯಿ ಒರೆಸಲಾಗದು ಎಂಬ ಧೈರ್ಯ ಎಷ್ಟೋ ಸಾಮಾನ್ಯ ಒಕ್ಕಲು ಮನೆಗಳಿಗೂ ಇತ್ತು.

ಸನದಿನಿಂದ ಪಹಣಿಗೆ

ನಿಜಾಮರ ದಿವಾನ ಮೊದಲನೆಯ ಸಾಲಾರ್ ಜಂಗ್ 1860ರ ದಶಕದ ಜಿಲ್ಲಾಬಂದಿ ಎಂಬ ಆಡಳಿತ ಸುಧಾರಣೆಯಲ್ಲಿ ತಹಸೀಲ್ದಾರರನ್ನು ತಂದು, ದೇಶಮುಖ, ದೇಶಪಾಂಡೆಗಳಿಂದ ಕಂದಾಯ ಎತ್ತುವ ಕೆಲಸ ಕಿತ್ತುಕೊಂಡ. ಬದಲಿಗೆ 'ರುಸುಂ' ಎಂಬ ವರ್ಷಾಶನ ಕೊಟ್ಟ. ಅಧಿಕಾರ ಹೋದರೂ ಹೊಲ ಅವರ ಹೆಸರಿಗೇ ಉಳಿಯಿತು. ಊರಿನ ಮಟ್ಟದಲ್ಲಿ ಮಾಲಿಪಾಟೀಲ, ಪೊಲೀಸ್‌ಪಾಟೀಲ, ಪಟವಾರಿ ಎಂಬ ತ್ರಿಮೂರ್ತಿಗಳು ಮುಂದುವರಿದರು. ಅವರ ಕೆಳಗೆ ತಳವಾರ, ವಾಲೀಕಾರ, ಅವರ ಇನಾಂ ತುಂಡುಭೂಮಿ. ಅದಕ್ಕೂ ಕೆಳಗೆ ಭೂಮಿಯೇ ಇಲ್ಲದ ಜೀತದಾಳು. ಮದುವೆಗೆಂದು ಪಡೆದ ಸಾಲಕ್ಕೆ ಮೈ ಒತ್ತೆಯಿಟ್ಟು ತೀರಿಸಲಾಗದೆ ಮಗನನ್ನೂ ಒತ್ತೆಯಿಡುತ್ತಿದ್ದ ಈ ಪದ್ಧತಿಗೆ ಹೈದರಾಬಾದಿನ ಕಾಗದಪತ್ರಗಳಲ್ಲಿ 'ಭಗೇಲ' ಎಂದು ಹೆಸರು. 1936ರಲ್ಲಿ ಅದಕ್ಕೊಂದು ಕಾನೂನು ಬಂತು, ಹೊಲದವರೆಗೆ ಬರಲು ದಶಕಗಳೇ ಹಿಡಿದವು.

ಹೈದರಾಬಾದನ್ನು ಭಾರತಕ್ಕೆ ಸೇರಿಸಿದ 1948ರ ಸೆಪ್ಟೆಂಬರಿನ ಪೊಲೀಸ್ ಕಾರ್ಯಾಚರಣೆಯ ನಂತರ ಸರಪಳಿ ಸರಸರನೆ ಕಳಚಿತು. 1949ರಲ್ಲಿ ಜಾಗೀರು ರದ್ದು, 1950ರಲ್ಲಿ ಹೈದರಾಬಾದ್ ಗೇಣಿ ಕಾಯ್ದೆ, 1955ರಲ್ಲಿ ಇನಾಂ ರದ್ದತಿ. 1956ರಲ್ಲಿ ರಾಯಚೂರು ಮೈಸೂರು ರಾಜ್ಯಕ್ಕೆ ಸೇರಿತು. 1961ರ ಕಾಯ್ದೆ ಪಾರಂಪರಿಕ ಗ್ರಾಮಾಧಿಕಾರಗಳನ್ನು ತೆಗೆಯಿತು. 1974ರ ತಿದ್ದುಪಡಿ ಉಳುವವನಿಗೆ ಭೂಮಿ ಎಂದಿತು. ಈ ನಡುವೆ ತುಂಗಭದ್ರಾ ಎಡದಂಡೆ ಕಾಲುವೆಗೆ ನೀರು ಬಂದು, ಕರಾವಳಿ ಆಂಧ್ರದ ರೈತರು ಮಾನ್ವಿ, ಸಿಂಧನೂರು ಕಡೆ ಹೊಲ ಕೊಂಡು 'ಕ್ಯಾಂಪ್' ಕಟ್ಟಿದರು. ಹಳೆಯ ಮನೆತನಗಳು ಕಾಯ್ದೆಗೆ ಕಳೆದುಕೊಂಡದ್ದೆಷ್ಟು, ಕಾಲುವೆ ಬಂದ ಮೇಲೆ ಮಾರಿಕೊಂಡದ್ದೆಷ್ಟು ಎಂಬುದು ಅಧ್ಯಯನಕ್ಕೆ ಕಾದಿರುವ ವಿಷಯ. ಅದರ ಉತ್ತರ ತಹಸೀಲು ಕಚೇರಿಯ ಖಾಸ್ರಾ ಪಹಣಿಗಳಲ್ಲಿ ಮಡಚಿಕೊಂಡು ಕೂತಿದೆ.

ಬರೆದವರು, ಬರೆಯದೆ ಬಿಟ್ಟವರು

ಈ ನಾಡಿನ ಬಗ್ಗೆ ಬರವಣಿಗೆ ಕಡಿಮೆಯೇನಿಲ್ಲ. ರಾಬರ್ಟ್ ಸೀವೆಲ್ 1900ರಲ್ಲಿ ನೂನಿಜ್‌ನನ್ನು ಇಂಗ್ಲಿಷಿಗೆ ತಂದು 1520ರ ಯುದ್ಧವನ್ನು ಜಗತ್ತಿಗೆ ತೋರಿಸಿದ. ಅವನ ಕಣ್ಣಿಗೆ ಎಡೆದೊರೆ ಒಂದು ರಣರಂಗ. ಬರ್ಟನ್ ಸ್ಟೈನ್ ದೊರೆಯ ಹಿಡಿತಕ್ಕಿಂತ ಸ್ಥಳೀಯ ಘಟಕಗಳ ಸ್ವಾಯತ್ತತೆ ದೊಡ್ಡದೆಂದು ವಾದಿಸಿದ. ಹಿರೋಶಿ ಫುಕಜಾವಾ ಮರಾಠಿ ಸೀಮೆಯ ಕಾಗದಗಳಿಂದ ವತನದ ಒಳಗನ್ನು ಬಿಡಿಸಿ ತೋರಿಸಿದ. ರಿಚರ್ಡ್ ಈಟನ್ ಮತ್ತು ಫಿಲಿಪ್ ವ್ಯಾಗನರ್ 2014ರ ಪುಸ್ತಕದಲ್ಲಿ ರಾಯಚೂರಿನ ಕೋಟೆಬಾಗಿಲುಗಳನ್ನೇ ದಾಖಲೆಯಾಗಿ ಓದಿದರು. ಹಂಪಿ ಕನ್ನಡ ವಿಶ್ವವಿದ್ಯಾಲಯದ ಶಾಸನ ಸಂಪುಟಗಳು ಕಲ್ಲಿನ ಮಾತನ್ನು ಕನ್ನಡ ಓದುಗರ ಕೈಗೆ ತಂದವು. ಇವರೆಲ್ಲರ ಕೆಲಸವನ್ನು ಒಟ್ಟಿಗಿಟ್ಟು ನೋಡಿದಾಗ ಸ್ಟೈನ್‌ನ ವಾದ ಎಡೆದೊರೆಗೆ ಅರ್ಧ ಒಪ್ಪುತ್ತದೆ. ಊರು ಸ್ವತಂತ್ರವಾಗೇನೂ ಇರಲಿಲ್ಲ. ಗೌಡನಿಗೆ ದೊರೆಯ ಸನದು ಬೇಕಿತ್ತು, ದೊರೆಗೆ ಗೌಡನ ಲೆಕ್ಕ ಬೇಕಿತ್ತು. ಒಬ್ಬರ ಕೊರತೆಯನ್ನು ಇನ್ನೊಬ್ಬರು ತುಂಬಿಕೊಂಡ ಈ ಹೊಂದಾಣಿಕೆಯೇ ಇಲ್ಲಿನ ಸರಕಾರ. ಚಾಲುಕ್ಯರಿಂದ ನಿಜಾಮರವರೆಗೆ ಭಾಷೆ, ಬಿರುದು, ಧರ್ಮ ಬದಲಾದರೂ ಹೊಂದಾಣಿಕೆ ಮುರಿಯಲಿಲ್ಲ. ಅದರಿಂದಲೇ ಇಷ್ಟು ಯುದ್ಧಗಳ ನಡುವೆಯೂ ಊರು ಉಳಿಯಿತು. ಊರೊಳಗಿನ ಅನ್ಯಾಯ ಅಲುಗದೆ ಉಳಿದದ್ದೂ ಅದರಿಂದಲೇ.

ಈಗ ಆ ಹಾಸುಗಲ್ಲಿನ ಚಿತ್ರಕ್ಕೆ ಬರೋಣ. ಶಾಸನದಲ್ಲಿ ಒಡೆಯನ ಹೆಸರಿದೆ, ದಂಡನಾಯಕನ ಹೆಸರಿದೆ, ಹಿಡಿದ ಕೋಟೆಗಳ ಹೆಸರಿದೆ. ಬಂಡಿ ಹೊಡೆದವರ, ಗಾಲಿಗೆ ಭುಜ ಕೊಟ್ಟವರ ಹೆಸರು ಇಲ್ಲ. ಆದರೂ ಆ ಕಲ್ಲುಕುಟಿಗ ಅವರನ್ನು ಬಿಡಲಿಲ್ಲ, ಅಕ್ಷರದ ಪಕ್ಕದಲ್ಲೇ ಕೊರೆದಿಟ್ಟ. ಲಗ್ನಪತ್ರಿಕೆಯಲ್ಲಿ ಹುದ್ದೆಯ ಹೆಸರು ಅಚ್ಚಾಗುವ ಮನೆತನಗಳ ಇತಿಹಾಸವನ್ನು ಕಲ್ಲು, ಸನದು, ಕಡತಗಳಿಂದ ಬರೆಯಬಹುದು, ಬರೆದೂ ಆಗಿದೆ. ಬಂಡಿಯ ಹಿಂದೆ ಬಾಗಿ ನಿಂತವರ ಮೊಮ್ಮಕ್ಕಳು 1974ರ ನಂತರ ಮೊದಲ ಸಲ ತಮ್ಮ ಹೆಸರನ್ನು ಕಂಡದ್ದು ಪಹಣಿಯ ಒಂದು ಕಾಲಮ್ಮಿನಲ್ಲಿ. ಎಡೆದೊರೆಯ ಮಧ್ಯಯುಗ ಮುಗಿದ ದಿನವನ್ನು ಗುರುತಿಸಲೇಬೇಕೆಂದರೆ ನಾನು ತಾಳಿಕೋಟೆಯ ಯುದ್ಧಕ್ಕಿಂತ ಆ ಕಾಲಮ್ಮಿನ ಕಡೆ ಬೆರಳು ತೋರಿಸುತ್ತೇನೆ.